ಲಿಯೋನಿ ಕೊಟ್ಟ ಮದುವೆ ದುಪ್ಪಟಿ

ಅಲೋನ್ ಊರಿನಲ್ಲಿ ಲಿಯೋನಿಯಷ್ಟು ಪುಕ್ಕಲು ಹೆಂಗಸು ಇನ್ನೊಬ್ಬಳಿರಲಿಲ್ಲ. ಇದು ಯಾರೋ ಆಡಿಕೊಂಡ ಮಾತಲ್ಲ, ಅವಳೇ ಒಪ್ಪಿಕೊಳ್ಳುತ್ತಿದ್ದದ್ದು. ಪಕ್ಕದ ಮನೆಯ ಹೆಬ್ಬಾತು ರೆಕ್ಕೆ ಬಡಿದರೆ ಬೆಚ್ಚುವಳು, ಗುಡುಗಿದರೆ ಮೇಜಿನ ಕೆಳಗೆ ತೂರುವಳು, ಅಂಚೆಯವನ ಸೈಕಲ್ ಬಾಗಿಲಲ್ಲಿ ನಿಂತರೆ ಎದೆಯ ಮೇಲೆ ಕೈ ಇಟ್ಟುಕೊಳ್ಳುವಳು. ಅಂಚೆಯವನಿಗೆ ಹೆದರಲು ಕಾರಣವಿತ್ತು ಬಿಡಿ. ಅವಳು ಇನ್ನೂ ಕೂಸಾಗಿದ್ದಾಗ ಅಪ್ಪ ಯುದ್ಧಕ್ಕೆ ಹೋದ. ಅವನು ಸತ್ತ ಸುದ್ದಿ ಅಂಚೆಯಲ್ಲಿ ಬಂತು, ದೇಹ ಮಾತ್ರ ಬರಲೇ ಇಲ್ಲ. ಅದೇ ಕೊರಗಿನಲ್ಲಿ ಅಮ್ಮನೂ ಹೋದಳು. ಉಳಿದವಳು ಅಜ್ಜಿ ಉರ್ಸುಲ್.

ಅಜ್ಜಿ ಮೊಮ್ಮಗಳನ್ನು ಸಾಕಿದಳು ಎನ್ನುವುದಕ್ಕಿಂತ ಹೆದರಿಸಿ ಸಾಕಿದಳು ಎನ್ನುವುದೇ ಸರಿ. ರೊಟ್ಟಿಯನ್ನು ಮೇಜಿನ ಮೇಲೆ ಬೋರಲು ಇಟ್ಟರೆ ಮನೆಗೆ ಕೇಡು. ಗೂಬೆ ಕೂಗಿದರೆ ಯಾರದೋ ಸರದಿ. ಶುಕ್ರವಾರ ಹಾಸಿಗೆ ಬಟ್ಟೆ ಒಗೆದರೆ ನಿನ್ನ ಹೆಣದ ಬಟ್ಟೆಯನ್ನು ನೀನೇ ಒಗೆದಂತೆ. ಇಂಥವು ಅವಳ ಹತ್ತಿರ ವಾರಕ್ಕೆ ಸಾಲುವಷ್ಟಿದ್ದವು. ಇಬ್ಬರೂ ಕಿಟಕಿ ಬಳಿ ಕೂತು ಕಾರ್ಖಾನೆಯಿಂದ ಬಂದ ಮುತ್ತಿನ ಚಿಪ್ಪಿನ ಗುಂಡಿಗಳನ್ನು ರಟ್ಟಿಗೆ ಹೊಲಿಯುವರು. ಸೂಜಿ ಓಡಿದಂತೆ ಅಜ್ಜಿಯ ಬಾಯಿಯೂ ಓಡುವುದು.

ಇಷ್ಟು ಹೆದರುವ ಹುಡುಗಿ ಮೆಚ್ಚಿದ್ದು ಯಾರನ್ನು? ಛಾವಣಿಗೆ ಹಂಚು ಹೊದಿಸುವ ಆನ್ಸೆಲ್ಮನನ್ನು. ಅವನು ಪಕ್ಕದ ಬೋವೆ ಪೇಟೆಯ ಮಹಡಿಗಳ ನೆತ್ತಿಯ ಮೇಲೆ ಬೆಕ್ಕಿನಂತೆ ಓಡಾಡುವವನು, ಮೇಲಿನಿಂದಲೇ ಬೀದಿಯ ಹುಡುಗಿಯರನ್ನು ಛೇಡಿಸುವವನು. ದೇವರಿಗೂ ಒಮ್ಮೊಮ್ಮೆ ಕುಚೋದ್ಯ ಬೇಕಾಗುತ್ತದೆ.

ನಮ್ಮ ಕಡೆ ಹುಡುಗಿಯರು ಸೂಜಿ ಹಿಡಿಯಲು ಬಂದ ಕೂಡಲೇ ಮದುವೆಯ ಬಟ್ಟೆ ಹೊಲಿಯಲು ಕೂರುತ್ತಾರೆ. ಟವಲು, ಮೇಜುಹಾಸು, ದಪ್ಪ ನಾರಿನ ದುಪ್ಪಟಿಗಳು ಎಲ್ಲ ಬೀರುವಿನಲ್ಲಿ ಮಡಿಕೆಯಾಗಿ ಏರುತ್ತವೆ. ಅವುಗಳಲ್ಲಿ ಒಂದು ದುಪ್ಪಟಿ ಬೇರೆ. ಹುಡುಗ ನಿಶ್ಚಯವಾದ ಮೇಲೆ ಅದರ ಮೇಲೆ ಇಬ್ಬರ ಹೆಸರಿನ ಮೊದಲಕ್ಷರಗಳನ್ನೂ ಕೆಂಪು ದಾರದಲ್ಲಿ, ಒಂದಕ್ಕೊಂದು ಹೆಣೆದಂತೆ ಕಸೂತಿ ಹಾಕುತ್ತಾರೆ. ಮದುವೆಯ ರಾತ್ರಿ ಒಂದೇ ಸಲ ಹಾಸುವುದು. ಆಮೇಲೆ ಒಗೆದು, ಮಡಿಸಿ, ಬೀರುವಿನ ತಳದಲ್ಲಿ ಇಡುವುದು. ಗಂಡ ಹೆಂಡಿರಲ್ಲಿ ಯಾರು ಮೊದಲು ಹೋಗುತ್ತಾರೋ ಅವರನ್ನು ಅದರಲ್ಲೇ ಸುತ್ತಿ ಕಳಿಸುವುದು. ಲಿಯೋನಿಯ ಅಪ್ಪನ ದುಪ್ಪಟಿ ಇನ್ನೂ ತಳದಲ್ಲೇ ಇತ್ತು. ಸುತ್ತಲು ಅವನೇ ಸಿಗಲಿಲ್ಲವಲ್ಲ.

ಇಬ್ಬರ ಮದುವೆ ಗೊತ್ತಾದ ವರ್ಷ ಅಕ್ಟೋಬರಿನಲ್ಲಿ, ಮದುವೆಗೆ ಇನ್ನೊಂದು ತಿಂಗಳಿದೆ ಎನ್ನುವಾಗ, ಇಂಡಿಯಾಕ್ಕೆ ಹೊರಟಿದ್ದ ಇಂಗ್ಲಿಷರ, ಆಕಾಶದಲ್ಲಿ ಹಾರುವ ದೊಡ್ಡ ಗಾಳಿಹಡಗು ಮಳೆಗಾಳಿಯಲ್ಲಿ ನಮ್ಮೂರಿನ ಗುಡ್ಡದ ಮೇಲೆ ಬಿತ್ತು. ಬಿತ್ತು ಎಂದರೆ ಕಡಿಮೆಯಾಯಿತು. ಮಲಗಿದ್ದ ಊರು ಧಡಕ್ಕನೆ ಎದ್ದು ಕೂತಿತು. ಕಿಟಕಿ ಗಾಜುಗಳೆಲ್ಲ ಕೆಂಪಾದವು. ಅಜ್ಜಿ ಶಿಲುಬೆಯ ಗುರುತು ಮಾಡಿಕೊಂಡು, "ಬಂತು ಕಣೇ, ಮತ್ತೆ ಯುದ್ಧ ಬಂತು" ಅಂದಳು. ಲಿಯೋನಿ ಮೇಜಿನ ಕೆಳಗಿದ್ದಳು.

ಬೆಳಕು ಹರಿಯುವ ಹೊತ್ತಿಗೆ ಊರ ಕಾವಲುಗಾರ ಡಂಗುರ ಹೊಡೆಯುತ್ತಾ ಬಂದ.

"ದುಪ್ಪಟಿ ಬೇಕು! ಮನೆಮನೆಯಿಂದ ದುಪ್ಪಟಿ ತನ್ನಿ! ಸತ್ತೋರಿಗೆ ಹೊದಿಸೋಕೆ ಏನೂ ಇಲ್ಲ!"

ಬೇರೆ ದಿನವಾದರೆ ಒಬ್ಬರಿಗೊಬ್ಬರು ಬೆಂಕಿಕಡ್ಡಿ ಕೊಡಲೂ ಲೆಕ್ಕ ಹಾಕುವ ಹೆಂಗಸರು ಅವತ್ತು ತೇಪೆ ಹಾಕಿದ್ದನ್ನು ಬಿಟ್ಟು ಒಳ್ಳೆಯದನ್ನೇ ಹೊತ್ತು ತಂದರು. ಪರದೇಶದವರ ಮುಂದೆ ಊರಿನ ಮರ್ಯಾದೆ ಹೋಗಬಾರದಲ್ಲ. ಲಿಯೋನಿಯೂ ಮನೆಯ ದುಪ್ಪಟಿಗಳನ್ನು ಹೊತ್ತು ಗುಡ್ಡ ಹತ್ತಿದಳು. ಅಲ್ಲಿ ಕಂಡದ್ದನ್ನು ಅವಳು ಯಾರಿಗೂ ಪೂರ್ತಿ ಹೇಳಲಿಲ್ಲ. ಕಾಡಂಚಿನುದ್ದಕ್ಕೂ ಕಬ್ಬಿಣದ ಎಲುಬುಗೂಡು ಹೊಗೆಯಾಡುತ್ತಿತ್ತು. ಸುಟ್ಟವರನ್ನು ಹುಲ್ಲಿನ ಮೇಲೆ ಸಾಲಾಗಿ ಮಲಗಿಸಿದ್ದರು. "ಸಾಲಲಿಲ್ಲ ತಾಯಿ, ಇನ್ನೂ ಇದ್ರೆ ತಾ" ಎಂದು ಒಬ್ಬ ಸಿಪಾಯಿ ಅಂದ. ಅವಳು ಓಡಿ ಬಂದು, ಮನೆಯಲ್ಲಿ ಅಪ್ಪನದೊಂದನ್ನು ಬಿಟ್ಟು ಬೇರೇನೂ ಉಳಿಯದೆ ತನ್ನ ಮದುವೆಯ ಬಟ್ಟೆಗಳ ಮಡಿಕೆಯಿಂದ ಮೇಲಿದ್ದದ್ದನ್ನು ಕಣ್ಣು ಮುಚ್ಚಿ ಎಳೆದುಕೊಂಡು ಮತ್ತೆ ಓಡಿದಳು.

ಸಿಪಾಯಿ ಅದನ್ನು ಕೊಡವಿ ಒಬ್ಬನ ಮೇಲೆ ಹಾಸಿದ. ಆಗ ಕಂಡವು, ಆ ಮನುಷ್ಯನ ಎದೆಯ ಮೇಲೆ ಹೆಣೆದುಕೊಂಡ ಎರಡು ಕೆಂಪು ಅಕ್ಷರಗಳು. ಅವಳದು ಮತ್ತು ಆನ್ಸೆಲ್ಮನದು.

ಕಸೂತಿ ಮುಗಿಸಿ ವಾರವಾಗಿರಲಿಲ್ಲ, ಅದಕ್ಕೇ ಮೇಲಿತ್ತು. ಬಗ್ಗಿ ಒಂದು ಅಂಚು ಹಿಡಿದು ಎಳೆದಳು. ಎಳೆದ ರಭಸಕ್ಕೆ ಒಳಗಿನಿಂದ ಒಂದು ಕೈ ಜಾರಿ ಹುಲ್ಲಿನ ಮೇಲೆ ಬಿತ್ತು. ಅಂಗೈ ಮೇಲಾಗಿ, ಏನನ್ನೋ ಕೇಳುತ್ತಿರುವಂತೆ. ಲಿಯೋನಿ ಆ ಕೈಯನ್ನು ಮೆಲ್ಲಗೆ ಒಳಗೆ ಸೇರಿಸಿ, ಅಂಚು ಮುಚ್ಚಿ, ಹಿಂದಿರುಗಿ ನೋಡದೆ ಓಡಿಬಿಟ್ಟಳು.

ವಿಷಯ ಕೇಳಿ ಅಜ್ಜಿ ಬಾಗಿಲಿಗೆ ಅಗುಳಿ ಹಾಕಿದಳು.

"ಮದುವೆಗೆ ಮುಂಚೆ ಅದಕ್ಕೆ ಹೆಣ ಮುಟ್ಟಿಸಿದ್ಯಾ? ಅವನ ಹೆಸರನ್ನ ಮಣ್ಣಿಗೆ ಕಳಿಸಿಬಿಟ್ಟೆಯಲ್ಲೇ ಪಾಪಿ! ಹೆಸರು ಹೋದ ದಾರೀಲೇ ಮನುಷ್ಯನೂ ಹೋಗ್ತಾನೆ."

"ಹೋಗಿ ವಾಪಸ್ ಕೇಳ್ಲಾ ಅಜ್ಜಿ?"

"ಸತ್ತೋರಿಗೆ ಹೊದಿಸಿದ್ದನ್ನ ವಾಪಸ್ ಕೇಳ್ತಾರೇನೇ? ಬಾಯಿ ಮುಚ್ಕೊಂಡಿರು. ಆನ್ಸೆಲ್ಮನ ಕಿವಿಗಂತೂ ಬೀಳಲೇಬಾರದು. ಕೇಳಿದ್ರೆ ಕಾಲು ನಡುಗುತ್ತೆ. ಛಾವಣಿ ಮೇಲೆ ನಿಲ್ಲೋನ ಕಾಲು ನಡುಗಿದ್ರೆ ಗೊತ್ತಲ್ಲ."

ಲಿಯೋನಿಯ ಬಾಯಿಗೆ ಬೀಗ ಬಿದ್ದದ್ದು ಹಾಗೆ. ದೇಹಗಳೆಲ್ಲ ಪೆಟ್ಟಿಗೆ ಸೇರಿ ಇಂಗ್ಲೆಂಡಿಗೆ ಹೋದವು. ಮದುವೆಗೆ ಅಜ್ಜಿ ಮೊಮ್ಮಗಳು ಇನ್ನೊಂದು ದುಪ್ಪಟಿ ಹೊಲಿದರು, ಆದರೆ ಅಕ್ಷರ ಹಾಕಲು ಇಬ್ಬರಿಗೂ ಧೈರ್ಯ ಬರಲಿಲ್ಲ. ಮದುವೆಯ ರಾತ್ರಿ ಆನ್ಸೆಲ್ಮ್ ಆ ಬರೀ ಬಿಳಿ ದುಪ್ಪಟಿಯನ್ನು ನೋಡಿದ. ಮಾತುಮಾತಿಗೆ ಚೇಷ್ಟೆ ಮಾಡುವವನು ಅದರ ಬಗ್ಗೆ ಒಂದು ಮಾತೂ ಆಡಲಿಲ್ಲ. ಗಂಡಸರಿಗೆ ಇಂಥದ್ದೆಲ್ಲ ಎಲ್ಲಿ ಕಾಣುತ್ತದೆ ಎಂದು ಅವಳು ಸಮಾಧಾನ ಮಾಡಿಕೊಂಡಳು.

ಅಲ್ಲಿಂದ ಅವಳ ಬಾಳು ಎಂದರೆ ಕಾಯುವುದು. ಅವನು ಬೆಳಗ್ಗೆ ಬಾಗಿಲು ದಾಟಿದ ಕೂಡಲೇ ಕಿಟಕಿಯಿಂದ ಆಕಾಶ ನೋಡಲು ಶುರು. ಗಾಳಿ ಎದ್ದರೆ ಸೂಜಿ ಬೆರಳಿಗೆ ಚುಚ್ಚುವುದು. ಸಂಜೆ ಅವನ ಮರದ ಮೆಟ್ಟಿನ ಸದ್ದು ಕೇಳಿದ ಮೇಲೇ ಉಸಿರು ಪೂರ್ತಿ ಒಳಗೆ ಹೋಗುವುದು. ಅವನು ಬರುವುದು ತಡವಾದರೆ ಅವಳು ಒಲೆಯ ಮೇಲಿನ ಸೂಪನ್ನು ಮರೆತು ರಸ್ತೆಯ ತಿರುವಿಗೆ ಬಂದು ನಿಲ್ಲುವಳು. "ನೋಡಿ, ನನ್ನ ಹೆಂಡ್ತಿಗೆ ನನ್ನ ಕಂಡ್ರೆ ಎಷ್ಟು ಆಸೆ" ಎಂದು ಅವನು ದಾರಿಯಲ್ಲಿದ್ದವರಿಗೆಲ್ಲ ಕೇಳುವಂತೆ ಹೇಳುವನು. ಜನ ನಗುವರು. ಅವಳಿಗೆ ಅಳು ಬರುವುದು.

ಒಮ್ಮೆ ಬೋವೆಯಲ್ಲಿ ಹಂಚಿನ ಕೆಲಸದವನೊಬ್ಬ ಬಿದ್ದನಂತೆ ಎಂದು ಹಾಲಿನವಳು ಹೇಳಿದಳು. ಲಿಯೋನಿ ಏಪ್ರನ್ನಿನಲ್ಲೇ ಪೇಟೆಯವರೆಗೂ ಓಡಿದಳು, ಗುಂಡಿಗಳು ದಾರಿಯುದ್ದಕ್ಕೂ ಮಡಿಲಿನಿಂದ ಉದುರಿದವು. ಜನರ ಗುಂಪನ್ನು ತಳ್ಳಿ ನೋಡಿದರೆ ನೆಲದ ಮೇಲಿದ್ದವನು ಬೇರೆ ಯಾರೋ. ಅವನ ಪಕ್ಕದಲ್ಲೇ ಅವನ ಹೆಂಡತಿ ಕೂಗಾಡುತ್ತಿದ್ದಳು. ಅದನ್ನು ನೋಡಿಯೂ ಲಿಯೋನಿಗೆ ಮೈಯೆಲ್ಲ ಸಂತೋಷವಾಯಿತು. ಆ ಸಂತೋಷಕ್ಕೆ ನಾಚಿ ಅವಳು ಆ ವಾರ ಪಾದ್ರಿಯ ಮುಖ ನೋಡಲಿಲ್ಲ.

ಮಾರನೆಯ ವರ್ಷ ಅಜ್ಜಿ ತೀರಿಹೋದಳು. ಗುಟ್ಟಿಗೆ ಇದ್ದ ಒಬ್ಬ ಪಾಲುದಾರಳೂ ಹೋದಂತಾಯಿತು. ಅದಾದ ಮೇಲೆ, ಗಾಳಿಹಡಗು ಬಿದ್ದ ಮೂರನೆಯ ವರ್ಷಕ್ಕೆ, ಲಿಯೋನಿ ಬಸುರಾದಳು. ಈಗ ಭಯ ದುಪ್ಪಟ್ಟು. ಅಪ್ಪನ ಮುಖ ಕಾಣದೆ ಬೆಳೆಯುವುದು ಏನೆಂದು ಅವಳಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ.

ಅದೇ ಹೊತ್ತಿಗೆ ಹೆದ್ದಾರಿಯ ಪಕ್ಕ ಸತ್ತವರ ಹೆಸರಿನ ದೊಡ್ಡ ಕಲ್ಲು ಸ್ಮಾರಕ ಎದ್ದಿತು. ಅದನ್ನು ತೆರೆಯುವ ದಿನಕ್ಕೆ ಸತ್ತವರ ಮನೆಯವರು ಇಂಗ್ಲೆಂಡಿನಿಂದ ಬರುತ್ತಾರೆಂದು ಸುದ್ದಿಯಾಯಿತು. ಲಿಯೋನಿಯ ತಲೆಯಲ್ಲಿ ಒಂದು ಯೋಚನೆ ಹುಳದಂತೆ ಹೊಕ್ಕಿತು. ಬೋವೆಯಲ್ಲಿ ಪೆಟ್ಟಿಗೆಗೆ ಹಾಕುವಾಗ ಆ ದುಪ್ಪಟಿಗಳನ್ನು ತೆಗೆದಿರಬಹುದು. ತೆಗೆದು ಸುಟ್ಟಿರಬಹುದು. ಹಾಗಾದರೆ ಆನ್ಸೆಲ್ಮನ ಹೆಸರು ಮಣ್ಣಿಗೆ ಹೋಗಿಲ್ಲ. ಅವನು ಉಳಿದ. ಇಷ್ಟು ಕೇಳಿ ತಿಳಿದುಕೊಂಡರೆ ಸಾಕು, ಮೂರು ವರ್ಷದ ಗಂಟು ಬಿಚ್ಚಿಹೋಗುತ್ತದೆ.

ಆ ದಿನ ಬ್ಯಾಂಡು, ಭಾಷಣ, ಎರಡು ದೇಶದ ಬಾವುಟ ಎಲ್ಲ ಆಯಿತು. ಆನ್ಸೆಲ್ಮ್ ಊರ ಗಂಡಸರ ಜೊತೆ ಬೆಂಚು ಹೊರುತ್ತಿದ್ದ. ಲಿಯೋನಿ ಬೋವೆಯ ಬೇಕರಿಯವನ ಹೆಂಡತಿ ನೋರಾಳನ್ನು ಹುಡುಕಿದಳು. ನೋರಾ ಇಂಗ್ಲಿಷಿನವಳು, ಯುದ್ಧ ಮುಗಿದ ಮೇಲೆ ಇಲ್ಲಿಯೇ ಮದುವೆಯಾಗಿ ನಿಂತವಳು. ಅವಳು ಆಗಲೇ ಕಪ್ಪು ಕೋಟಿನ ಒಬ್ಬ ಮುದುಕಿಯ ತೋಳು ಹಿಡಿದು ನಿಂತಿದ್ದಳು.

"ಒಳ್ಳೇ ಸಮಯಕ್ಕೆ ಬಂದೆ ನೋಡು" ಎಂದಳು ನೋರಾ. "ಇವರು ಮಿಸೆಸ್ ಪ್ರೂಯೆಟ್. ಇವರ ಮಗ ಎಡ್ವಿನ್ ಅದರಲ್ಲಿ ಎಂಜಿನ್ ನೋಡ್ಕೊಳ್ತಿದ್ದ. ಕಲ್ಲು ನೋಡಿದ್ದಾಯ್ತು, ಬಿದ್ದ ಜಾಗ ತೋರ್ಸು ಅಂತ ಹಟ ಹಿಡಿದಿದ್ದಾರೆ. ನನಗೆ ದಾರಿ ಗೊತ್ತಿಲ್ಲ. ನೀನು ಕರ್ಕೊಂಡು ಹೋಗ್ತೀಯಾ?"

ಆ ಗುಡ್ಡಕ್ಕೆ ಲಿಯೋನಿ ಮೂರು ವರ್ಷದಿಂದ ಕಾಲಿಟ್ಟಿರಲಿಲ್ಲ. ಅಣಬೆಯ ಕಾಲದಲ್ಲೂ ಅತ್ತ ತಿರುಗಿರಲಿಲ್ಲ. ಆದರೂ ಹೂಂ ಅಂದಳು.

ಮೂವರೂ ಬೀಟ್‌ರೂಟ್ ಹೊಲದ ಅಂಚಿನಲ್ಲಿ ನಿಧಾನವಾಗಿ ಏರಿದರು. ಮುದುಕಿಗೆ ಮಂಡಿನೋವು, ಲಿಯೋನಿಗೆ ಹೊಟ್ಟೆಯ ಭಾರ. ಮೇಲೆ ಹೋದರೆ ನೋಡುವುದಕ್ಕೆ ಏನಿತ್ತು? ಹುಲ್ಲು, ಕಾಡಿನ ಅಂಚಿನಲ್ಲಿ ಒಂದಿಷ್ಟು ಎಳೆಯ ಗಿಡ, ನೇಗಿಲಿಗೆ ಸಿಕ್ಕಿ ಯಾರೋ ಬದುವಿಗೆ ಎಸೆದ ತಿರುಚಿದ ಲೋಹದ ತುಂಡು. ಆದರೆ ಲಿಯೋನಿಯ ಕಣ್ಣಿಗೆ ಸಾಲು ಹಾಗೆಯೇ ಇತ್ತು. ಯಾವ ಜಾಗದಲ್ಲಿ ಆ ಕೈ ಬಿತ್ತೋ ಅಲ್ಲಿಗೆ ಬಂದಾಗ ಅವಳು ಬಳಸಿಕೊಂಡು ದಾಟಿದಳು.

ಅದು ಮುದುಕಿಯ ಕಣ್ಣಿಗೆ ಬಿತ್ತು. ಅವಳು ಏನೋ ಕೇಳಿದಳು.

"ಅಲ್ಲಿ ಏನಿದೆ ಅಂತ ಕೇಳ್ತಿದ್ದಾರೆ" ಎಂದಳು ನೋರಾ.

ಲಿಯೋನಿ ಉತ್ತರ ಕೊಡದೆ ತನ್ನ ಪ್ರಶ್ನೆಯನ್ನೇ ಮುಂದಿಟ್ಟಳು. ನಿಂತರೆ ಧೈರ್ಯ ಸೋರಿಹೋಗುತ್ತದೆಂದು ಒಂದೇ ಉಸಿರಿಗೆ ಕೇಳಿದಳು. "ಮದಾಮ್ ನೋರಾ, ಇವರನ್ನ ಕೇಳಿ. ನಾವು ಹೊದಿಸಿದ ದುಪ್ಪಟಿಗಳನ್ನ ಏನ್ ಮಾಡಿದ್ರು? ಮಣ್ಣು ಮಾಡುವಾಗ ತೆಗೆದ್ರಾ, ಹಾಗೇ ಬಿಟ್ರಾ?"

ನೋರಾ ಹುಬ್ಬೇರಿಸಿದಳು. "ಇದೆಂಥಾ ಪ್ರಶ್ನೆ ಮಾರಾಯ್ತಿ? ತಾಯಿ ಹತ್ರ ಕೇಳೋದಾ ಇದನ್ನ?"

"ನನ್ನ ಗಂಡನ ಪ್ರಾಣ ಅದರಲ್ಲಿದೆ. ದಮ್ಮಯ್ಯ, ಕೇಳಿ."

ನೋರಾ ಕೇಳಿದಳು. ಮಿಸೆಸ್ ಪ್ರೂಯೆಟ್ ಹುಲ್ಲನ್ನು ನೋಡುತ್ತಲೇ ಉತ್ತರ ಕೊಟ್ಟಳು. ನೋರಾ ಅದನ್ನು ಹೇಳುವಾಗ ಅವಳ ದನಿ ಇಳಿದಿತ್ತು.

"ಅವರಿಗೆ ಗೊತ್ತಿಲ್ವಂತೆ. ಪೆಟ್ಟಿಗೆ ಮುಚ್ಚಿ ಮೊಳೆ ಹೊಡೆದೇ ಬಂದ್ವಂತೆ. ಯಾರು ಯಾವುದ್ರಲ್ಲಿ ಅಂತಾನೂ ಹೆಚ್ಚಿನವರಿಗೆ ಗೊತ್ತಾಗಲಿಲ್ಲ. ನಲವತ್ತೆಂಟು ಜನರನ್ನೂ ಒಂದೇ ಗುಂಡೀಲಿ ಇಟ್ರು. ಭಾನುವಾರ ಹೂ ತಗೊಂಡು ಹೋದ್ರೆ ಯಾವ ಮೂಲೇಲಿ ಇಡ್ಬೇಕು ಅಂತ ತಿಳಿಯಲ್ಲ, ಸುತ್ತ ಒಂದು ಸಲ ನಡೆದು ಎಲ್ಲೋ ಒಂದ್ಕಡೆ ಇಟ್ಟು ಬರ್ತೀನಿ ಅಂತಾರೆ."

ಲಿಯೋನಿಯ ಆಸೆ ಅಲ್ಲಿಗೆ ಮುಗಿಯಿತು. ಆದರೆ ಮುದುಕಿ ಬಿಡಲಿಲ್ಲ. ಅವಳ ಕೈ ಹಿಡಿದು ಕೇಳಿದಳು. ನೀನು ಅವತ್ತು ಇಲ್ಲಿದ್ದೆಯಾ? ಯಾರನ್ನು ನೋಡಿದೆ? ಅವರನ್ನು ಯಾರಾದರೂ ಮುಟ್ಟಿದರೇ, ಅಥವಾ ಬರೀ ಸಲಾಕೆಯಲ್ಲಿ ಎಳೆದರೇ?

ಲಿಯೋನಿ ಅಲ್ಲಿಯೇ ಹುಲ್ಲಿನ ಮೇಲೆ ಕೂತು ಎಲ್ಲವನ್ನೂ ಹೇಳಿದಳು. ಕಣ್ಣು ಮುಚ್ಚಿ ಎಳೆದುಕೊಂಡ ದುಪ್ಪಟಿ, ಕೆಂಪು ಅಕ್ಷರ, ವಾಪಸ್ ಎಳೆದದ್ದು, ಜಾರಿ ಬಿದ್ದ ಕೈ, ಅದನ್ನು ಒಳಗೆ ಸೇರಿಸಿದ್ದು. ನೋರಾ ಒಂದೊಂದೇ ಮಾತನ್ನು ದಾಟಿಸಿದಳು.

"ಕೈ ಒಳಗೆ ಸೇರಿಸಿದ್ದು ನೀನಾ?" ಎಂದು ನೋರಾಳ ಬಾಯಲ್ಲಿ ಮುದುಕಿ ಕೇಳಿದಳು.

"ಹೂಂ. ನಾನೇ."

"ಹಾಗಾದ್ರೆ ಅವನು ನನ್ನ ಮಗ ಅಂತ ಇಟ್ಕೊಳ್ತೀನಿ. ಅಲ್ದೇ ಇರಬಹುದು. ಇಟ್ಕೊಂಡ್ರೆ ಯಾರೂ ಜಗಳಕ್ಕೆ ಬರಲ್ಲ. ಅವನಿಗೆ ಮದುವೆ ಆಗಿರ್ಲಿಲ್ಲ. ಮದುವೆ ದುಪ್ಪಟೀಲಿ ಮಲಗಿದ್ದಾನೆ ಅಂತಾದ್ರೂ ಆಗ್ಲಿ. ಅಕ್ಷರ ಯಾವುದು ಹೇಳು, ಗುಂಡಿ ಹತ್ರ ನಿಂತು ಆ ಹೆಸರುಗಳನ್ನೂ ನೆನೆಸ್ಕೊಳ್ತೀನಿ."

ಲಿಯೋನಿ ಚಂಗನೆ ಎದ್ದಳು. ಬಸುರಿ ಹೆಂಗಸು ಹಾಗೆ ಏಳಬಾರದು.

"ಬೇಡ! ಬೇಡ ಅಂತ ಹೇಳಿ! ಅವನ ಹೆಸರನ್ನ ಆ ಗುಂಡಿ ಹತ್ರ ಎತ್ತಬಾರದು. ಹೋಗಿರೋದೇ ಸಾಲ್ದಾ? ಹೆಸರು ಹಿಡಿದು ಕರೀತೀರಾ ಅವನನ್ನ? ನನ್ನ ಮಗು ಇನ್ನೂ ಹುಟ್ಟಿಲ್ಲ!"

ನೋರಾ ತಬ್ಬಿಬ್ಬಾದಳು. ಆದರೆ ಭಯ ಅರ್ಥವಾಗಲು ದುಭಾಷಿ ಬೇಕಾಗುವುದಿಲ್ಲ. ಮಿಸೆಸ್ ಪ್ರೂಯೆಟ್‌ಳ ಮುಖ ಕೆಂಪಾಯಿತು. ಅವಳು ಕೊಡೆಯನ್ನು ನೆಲಕ್ಕೆ ಕುಟ್ಟಿ ಬಿರುಸಾಗಿ ಏನೋ ಅಂದಳು. ನೋರಾ ಅದನ್ನು ಹೇಳಲೋ ಬೇಡವೋ ಎಂದು ನೋಡಿ ಹೇಳಿದಳು.

"ನಿನ್ನ ಗಂಡ ಇವತ್ತು ಸಂಜೆ ಮನೆಗೆ ಬರ್ತಾನಾ ಅಂತ ಕೇಳ್ತಾರೆ. ಬರ್ತಾನಲ್ಲ? ಹಾಗಾದ್ರೆ ಹೆದರು, ಚೆನ್ನಾಗಿ ಹೆದರು ಅಂತಾರೆ. ಎಡ್ವಿನ್ ಒಂದೊಂದ್ಸಲ ಹಾರಿದಾಗ್ಲೂ ನಾನೂ ಹೀಗೇ ಹೆದರ್ತಿದ್ದೆ. ಆಗ ಅದು ಶಿಕ್ಷೆ ಅನ್ನಿಸ್ತಿತ್ತು. ಈಗ ಗಾಳಿ ಬೀಸಿದ್ರೆ ನಂಗೇನೂ ಆಗಲ್ಲ. ಹೆದರೋಕೆ ಯಾರೂ ಉಳಿದಿಲ್ಲ ನಂಗೆ, ಅಂತಾರೆ."

ಲಿಯೋನಿ ಹತ್ತಿರ ಬಂದಳು. ಮುದುಕಿಯ ಗ್ಲೌಸು ಹಾಕಿದ ಕೈಯನ್ನು ಹಿಡಿದುಕೊಂಡಳು. ಹೆಸರು ಮಾತ್ರ ಹೇಳಲಿಲ್ಲ. ಮುದುಕಿಯೂ ಮತ್ತೆ ಕೇಳಲಿಲ್ಲ. ಆ ಜಾಗದಿಂದ ಒಂದು ಹಿಡಿ ಹುಲ್ಲು ಕಿತ್ತು ಕರವಸ್ತ್ರದಲ್ಲಿ ಕಟ್ಟಿಕೊಂಡು, ನೋರಾಳ ತೋಳು ಹಿಡಿದು ಇಳಿಯತೊಡಗಿದಳು.

ಲಿಯೋನಿ ತಿರುಗಿ ನೋಡಿದರೆ ಬದುವಿನ ಮೇಲೆ ಆನ್ಸೆಲ್ಮ್ ನಿಂತಿದ್ದ. ಬಸುರಿ ಹೆಂಡತಿ ಗುಡ್ಡ ಹತ್ತಿದಳೆಂದು ಯಾರೋ ಹೇಳಿದ್ದಕ್ಕೆ ಹುಡುಕಿಕೊಂಡು ಬಂದವನು. ಎಷ್ಟು ಹೊತ್ತಿನಿಂದ ನಿಂತಿದ್ದನೋ. ಮೂರು ವರ್ಷ ಕಾದ ಗುಟ್ಟು ಹೋಯಿತು, ಇನ್ನು ಇವನ ಕಾಲು ನಡುಗುತ್ತದೆ, ನಾಳೆಯೇ ಬೀಳುತ್ತಾನೆ.

"ಕೇಳಿಸ್ಕೊಂಡ್ಯಾ?" ಎಂದಳು.

"ಕೇಳಿಸ್ತು."

"ಸುಳ್ಳು ಅದೆಲ್ಲ. ಅಜ್ಜಿ ಕಥೆ. ನೀನು ಮನಸ್ಸಿಗೆ ಹಚ್ಕೋಬೇಡ."

ಆನ್ಸೆಲ್ಮ್ ಟೋಪಿ ತೆಗೆದು ಕೈಯಲ್ಲಿ ತಿರುಗಿಸಿದ. ಅವನ ಮುಖದಲ್ಲಿ ಚೇಷ್ಟೆ ಎಳ್ಳಷ್ಟೂ ಇರಲಿಲ್ಲ.

"ಅವತ್ತು ಹೆಣ ಹೊರೋಕೆ ಏನೂ ಇಲ್ಲ ಅಂತ ನಮ್ಮ ಏಣಿಗಳನ್ನ ತರಿಸಿದ್ರು, ನೆನಪಿದ್ಯಾ? ನಮ್ಮ ದುಪ್ಪಟಿ ಹೊದ್ದಿದ್ದೋನನ್ನ ನನ್ನ ಏಣಿ ಮೇಲೇ ಹಾಕಿದ್ರು ಲಿಯೋನಿ. ತಲೆ ಕಡೆ ಹಿಡಿದೋನು ನಾನೇ. ರಸ್ತೆವರೆಗೂ ನನ್ನ ಹೆಸರಿನ ಅಕ್ಷರ ನೋಡ್ಕೊಂಡೇ ಇಳಿದೆ. ನಿಮ್ಮಜ್ಜಿ ಥರ ನಮ್ಮಜ್ಜೀನೂ ಅದೇ ಮಾತು ಹೇಳ್ತಿದ್ಲು, ಹೆಸರು ಹೋದ ದಾರೀಲೇ ಮನುಷ್ಯನೂ ಅಂತ."

"ಗೊತ್ತಿತ್ತಾ ನಿಂಗೆ? ಮೂರು ವರ್ಷದಿಂದ?"

"ಛಾವಣಿ ಮೇಲೆ ಬೇರೆಯೋರು ಸೊಂಟಕ್ಕೆ ಒಂದು ಹಗ್ಗ ಕಟ್ಟಿದ್ರೆ ನಾನು ಎರಡು ಕಟ್ತೀನಿ. ಪೇಟೇಲಿ ಎಲ್ಲಾ ನನ್ನನ್ನ ಮುದುಕಿ ಅಂತ ಆಡ್ಕೊಳ್ತಾರೆ. ಕೆಲವು ದಿನ ಏಣಿ ಹತ್ರ ನಿಂತು ಮೊದಲನೇ ಮೆಟ್ಟಿಲಿಗೆ ಕಾಲಿಡೋಕೇ ಆಗಲ್ಲ."

"ಒಂದು ಮಾತು ಹೇಳಬಾರ್ದಿತ್ತಾ, ಕತ್ತೆ!" ಎಂದು ಅವಳು ಅವನ ಎದೆಗೆ ಗುದ್ದಿದಳು.

"ಗುಡುಗಿದ್ರೆ ಮೇಜಿನ ಕೆಳಗೆ ಹೋಗೋಳು ನೀನು. ನಿಂಗೆ ಹೇಳಿ ಸಾಯಿಸ್ಲಾ?"

ಅವಳು ಅತ್ತಳು. ಅವನೂ ಮೂಗು ಒರೆಸಿಕೊಂಡ. ಕಾಡಿನ ಕಡೆಯಿಂದ ಗಾಳಿ ಎದ್ದಿತು, ಎಳೆಯ ಗಿಡಗಳು ಸರಸರ ಅಂದವು. ಇಬ್ಬರೂ ಒಟ್ಟಿಗೇ ಬೆಚ್ಚಿದರು.

"ಹೆದರಿಕೆ ಆಗ್ತಿದ್ಯಾ?" ಎಂದು ಅವನು ಕೇಳಿದ.

"ಹೂಂ."

"ನಂಗೂ. ಬಾ, ಇಲ್ಲಿಂದ ಹೋಗೋಣ."

ಅವನು ಅವಳ ಸೊಂಟ ಬಳಸಿ ಹಿಡಿದ. ಬಸುರಿಯನ್ನು ಇಳಿಜಾರಿನಲ್ಲಿ ಹಾಗೆ ಓಡಿಸಬಾರದು, ಆದರೆ ಇಬ್ಬರೂ ಕಾಡಿನತ್ತ ಒಮ್ಮೆಯೂ ನೋಡದೆ ಹೆಚ್ಚು ಕಡಿಮೆ ಓಡಿಕೊಂಡೇ ಗುಡ್ಡ ಇಳಿದರು.